ಹಲ್ಲಿನ ಟೇಪು

ಮುಂಬಯಿಯ ಮುಲುಂಡಿನಲ್ಲಿದ್ದ ನಮ್ಮ ಕಾಲೊನಿಗೆ ತನ್ನದೇ ಆದ ಟಿವಿ ಚಾನೆಲ್ ಇತ್ತು ಎಂದರೆ ಈಗಿನವರು ನಂಬುವುದಿಲ್ಲ. ಎಂಬತ್ತರ ದಶಕ ಮುಗಿಯುತ್ತ ಬಂದಿದ್ದ ಕಾಲ. ಮೊದಲನೇ ಬಿಲ್ಡಿಂಗಿನ ಟೆರೇಸಿನಲ್ಲಿ, ನೀರಿನ ಟಾಂಕಿಯ ಪಕ್ಕ, ಮುರುಕು ಸಾಮಾನು ತುಂಬಿದ್ದ ಕೋಣೆಯನ್ನು ಖಾಲಿ ಮಾಡಿಸಿಕೊಂಡು ಹುಬ್ಬಳ್ಳಿ ಕಡೆಯವರೊಬ್ಬರು ಅದನ್ನು ಶುರುಮಾಡಿದ್ದರು. ರೈಲ್ವೆ ಸ್ಟೇಷನ್ನಿನ ಹತ್ತಿರ ಅವರದ್ದೊಂದು ರೇಡಿಯೊ ರಿಪೇರಿ ಅಂಗಡಿಯೂ ಇತ್ತು. ನಾವೆಲ್ಲ ಅವರನ್ನು ಆಪರೇಟರ್ ಎಂದೇ ಕರೆಯುತ್ತಿದ್ದೆವು. ಕೋಣೆಯಲ್ಲಿ ಇದ್ದದ್ದು ವಿಸಿಆರ್, ಒಂದು ಕ್ಯಾಮೆರಾ, ಒಂದು ಟೆಲಿಫೋನು, ಹಿಂದೆ ನೀಲಿ ಪರದೆ. ಅಲ್ಲಿಂದ ಹೊರಟ ಕಪ್ಪು ಕೇಬಲ್ಲು ಟೆರೇಸಿನಿಂದ ಟೆರೇಸಿಗೆ ಹಾರಿ, ಗೋಡೆಗುಂಟ ಇಳಿದು, ಕಿಟಕಿಯ ಸಂದಿನಲ್ಲಿ ಮನೆಯೊಳಗೆ ಬರುತ್ತಿತ್ತು. ಮಧ್ಯಾಹ್ನ ಒಂದು ಹಿಂದಿ ಸಿನಿಮಾ, ಸಂಜೆ ಇನ್ನೊಂದು, ನಡುವೆ ಕಾಲೊನಿಯ ಸುದ್ದಿ. ನೀರು ಎಷ್ಟು ಹೊತ್ತಿಗೆ ಬರುತ್ತದೆ, ಯಾರ ಮಗುವಿನ ಹುಟ್ಟುಹಬ್ಬ, ಯಾರ ಬೀಗದಕೈ ಲಿಫ್ಟಿನಲ್ಲಿ ಸಿಕ್ಕಿದೆ, ಇಂಥವೇ.

ಸುದ್ದಿ ಓದುತ್ತಿದ್ದವಳು ನನ್ನ ಅಕ್ಕ.

ನಾವು ಮೈಸೂರಿನವರು. ಅಪ್ಪ ವಿಮೆ ಕಚೇರಿಯಲ್ಲಿ ಗುಮಾಸ್ತರಾಗಿದ್ದರು. ಅಕ್ಕ ಬಿ.ಎ. ಮುಗಿಸಿ ಮನೆಯಲ್ಲಿ ಕೂತಿದ್ದಳು, ಗಂಡು ನೋಡುತ್ತಿದ್ದರು. ಅವಳ ದನಿ ಚೆನ್ನಾಗಿತ್ತು. ಹಿಂದಿ, ಮರಾಠಿ ಎರಡನ್ನೂ ತಡವರಿಸದೆ ಓದುತ್ತಿದ್ದಳು. ಭಾನುವಾರ ಫರ್ಮಾಯಿಶ್ ಕಾರ್ಯಕ್ರಮ. ಜನ ಫೋನ್ ಮಾಡಿ ತಮಗೆ ಬೇಕಾದ ಸಿನಿಮಾ ಹಾಡು ಕೇಳುತ್ತಿದ್ದರು. ಫೋನು ತೆಗೆದುಕೊಳ್ಳುವವಳೂ ಅಕ್ಕನೇ, ಕೇಳಿದವರ ಹೆಸರು, ಮನೆ ನಂಬರು ಹೇಳಿ ಕ್ಯಾಸೆಟ್ ಹಾಕುವವಳೂ ಅಕ್ಕನೇ. ತರಕಾರಿಯವನು ಕೂಡ ಅವಳನ್ನು ಕಂಡರೆ "ಟಿವಿವಾಲೀ ದೀದಿ" ಎನ್ನುತ್ತ ಒಂದು ಹಿಡಿ ಕೊತ್ತಂಬರಿ ಹೆಚ್ಚಿಗೆ ಹಾಕುತ್ತಿದ್ದ. ಅಪ್ಪನಿಗೆ ಬಹಳ ಹೆಮ್ಮೆ.

ಅವಳಿಗೆ ಮುಂದಿನ ಒಂದು ಹಲ್ಲು ಇರಲಿಲ್ಲ. ಚಿಕ್ಕಂದಿನಲ್ಲಿ ಮೆಟ್ಟಿಲ ಮೇಲೆ ಬಿದ್ದು ಮುರಿದಿತ್ತು. ಕಟ್ಟಿಸಿದ ಹಲ್ಲು ಹಾಕಿಕೊಳ್ಳುತ್ತಿದ್ದಳು. ಗಂಡಿನ ಕಡೆಯವರಿಗೆ ಗೊತ್ತಾಗಬಾರದೆಂದು ಅಮ್ಮ ಈ ವಿಷಯವನ್ನು ನೆಂಟರಿಂದಲೂ ಮುಚ್ಚಿಟ್ಟಿದ್ದಳು.

ಆ ವರ್ಷ ಗಣೇಶನ ಹಬ್ಬದಲ್ಲಿ ಕಾಲೊನಿಯ ಪೆಂಡಾಲಿನಿಂದ ನೇರ ಪ್ರಸಾರ. ವೇದಿಕೆಯ ಮೇಲೆ ನಿಂತು ಕಾರ್ಯಕ್ರಮ ಹೇಳಬೇಕಾದವಳು ಅಕ್ಕ. ಅಮ್ಮನ ರೇಷ್ಮೆ ಸೀರೆ ಉಟ್ಟಿದ್ದಳು. ಬಹುಮಾನ ಹಂಚುವ ಹೊತ್ತಿಗೆ ಮೈಕಿನ ವೈರು ಕಾಲಿಗೆ ತೊಡರಿ, ಮುಗ್ಗರಿಸಿ, ಮೋದಕದ ತಟ್ಟೆಯ ಮೇಲೆ ಮುಖ ಅಡಿಯಾಗಿ ಬಿದ್ದಳು. ಎದ್ದಾಗ ಬಾಯಲ್ಲಿ ಕಪ್ಪು ಕಿಂಡಿ. ಒಂದು ಕೈಯಿಂದ ಬಾಯಿ ಮುಚ್ಚಿಕೊಂಡು, ಇನ್ನೊಂದು ಕೈಯಿಂದ ಪುಡಿಯಾದ ಮೋದಕಗಳ ನಡುವೆ ಹಲ್ಲು ಹುಡುಕತೊಡಗಿದಳು. ಆಪರೇಟರ್ ಕ್ಯಾಮೆರಾ ನಿಲ್ಲಿಸಲಿಲ್ಲ. ಹತ್ತಿರ ಹೋಗಿ ಅವಳ ಕೈಯನ್ನು ತೋರಿಸಿದರು, ಆಮೇಲೆ ಮುಖವನ್ನು. ಪೆಂಡಾಲಿನಲ್ಲಿ ಮೊದಲು ಯಾರೋ ಒಬ್ಬರು ನಕ್ಕರು. ಆಮೇಲೆ ಎಲ್ಲರೂ.

ಅಕ್ಕ ಬಿದ್ದದ್ದರ ಟೇಪನ್ನು ಮತ್ತೆ ಹಾಕಿ ಎಂದು ಮರುದಿನದಿಂದಲೇ ಫೋನು ಶುರುವಾಯಿತು.

ಅಕ್ಕ ಒಂದು ವಾರ ಹೊರಗೆ ಕಾಲಿಡಲಿಲ್ಲ. ಆಪರೇಟರ್ ಮನೆಗೇ ಬಂದರು. "ಸಿಟ್ಟಾಗಬ್ಯಾಡ ತಂಗಿ. ಮಂದಿ ಕೇಳಾಕತ್ತಾರ, ನಾ ಹಾಕಾಕತ್ತೀನಿ. ನೀ ಬರಲಿಲ್ಲಂದ್ರ ಇನ್ನೂ ಜಾಸ್ತಿ ನಗ್ತಾರ. ಬಂದು ಕುಂತುಬಿಡು, ಎರಡು ದಿನದಾಗ ಮರೀತಾರ" ಎಂದರು. ಅಪ್ಪನೂ ಹೌದು ಎಂದರು. ಅಕ್ಕ ಮತ್ತೆ ಟೆರೇಸು ಹತ್ತಿದಳು.

ಜನ ಮರೆಯಲಿಲ್ಲ. ಫರ್ಮಾಯಿಶ್ ದಿನ ಹಾಡು ಕೇಳುವವರು ಕಡಿಮೆಯಾಗಿ ಹಲ್ಲಿನ ಟೇಪು ಕೇಳುವವರು ಹೆಚ್ಚಾದರು. ಫೋನೆತ್ತಿದವಳು ಅವಳೇ ಎಂದು ಗೊತ್ತಿದ್ದೂ ಕೇಳುತ್ತಿದ್ದರು. ಕೆಲವರು ದನಿ ಬದಲಿಸುತ್ತಿದ್ದರು, ಕೆಲವರಿಗೆ ಅಷ್ಟೂ ನಾಚಿಕೆ ಇರಲಿಲ್ಲ. ಆಪರೇಟರ್ ಪಕ್ಕದಲ್ಲಿ ಕೂತು ಚಹಾ ಕುಡಿಯುತ್ತ, "ಹಾಕವ್ವಾ ಹಾಕು" ಅನ್ನುತ್ತಿದ್ದರು. ಅಕ್ಕ ತನ್ನ ಕೈಯಾರೆ ಆ ಕ್ಯಾಸೆಟ್ ಹಾಕುತ್ತಿದ್ದಳು.

ಒಂದು ಭಾನುವಾರ ಅಪ್ಪನ ಆಫೀಸಿನ ಗೆಳೆಯರು ಮಲಾಡಿನಿಂದ ನಮ್ಮಲ್ಲಿಗೆ ಊಟಕ್ಕೆ ಬಂದಿದ್ದರು. ಊಟವಾದ ಮೇಲೆ ಅಪ್ಪ ಎಲೆಯಡಿಕೆ ತರುತ್ತೇನೆಂದು ಕೆಳಗಿಳಿದು ಹೋದರು. ವಾಪಸು ಬಂದು ಕೂತ ಸ್ವಲ್ಪ ಹೊತ್ತಿಗೆ ಟಿವಿಯಲ್ಲಿ ಅಕ್ಕ ಬಿದ್ದಳು. ಗೆಳೆಯರು ಹೊಟ್ಟೆ ಹಿಡಿದುಕೊಂಡು ನಕ್ಕರು. ಅಪ್ಪ ತೊಡೆ ತಟ್ಟಿ, "ನೋಡ್ರಪ್ಪ, ನಮ್ಮ ಹುಡುಗಿ ಎಂಥಾ ಕಾಮಿಡಿ ಸ್ಟಾರು!" ಎಂದರು. ಅಡಿಗೆಮನೆಯಲ್ಲಿ ಅಮ್ಮ ನಲ್ಲಿಯನ್ನು ಜೋರಾಗಿ ತಿರುಗಿಸಿದಳು.

ಅಕ್ಕ ಸಂಜೆ ಬಂದು ಬಟ್ಟೆ ಬದಲಾಯಿಸಿ ಅಕ್ಕಿ ಆರಿಸಲು ಕೂತಳು.

ಮುಂದಿನ ಭಾನುವಾರ ಎಲ್ಲರ ಮನೆಯಲ್ಲೂ ಟಿವಿ ಹಚ್ಚಿತ್ತು. ನಮ್ಮಲ್ಲೂ. ಆಪರೇಟರ್ ಚಹಾಕ್ಕೆಂದು ಕೆಳಗಿಳಿದಿದ್ದರು. ಅಕ್ಕ ನೀಲಿ ಪರದೆಯ ಮುಂದೆ ಕೂತು, ಎಂದಿನ ನಗುಮುಖದಿಂದ, ಎಂದಿನ ಸಿಹಿ ದನಿಯಲ್ಲಿ ಹಿಂದಿಯಲ್ಲಿ ಶುರುಮಾಡಿದಳು: "ಕಾಲೊನಿಯ ಎಲ್ಲರ ಅಚ್ಚುಮೆಚ್ಚಿನ ಹಲ್ಲಿನ ಟೇಪನ್ನು ಇಲ್ಲಿಯವರೆಗೆ ಕೋರಿದವರು..." ಮತ್ತೆ ಒಬ್ಬೊಬ್ಬರನ್ನೇ ಮನೆ ನಂಬರಿನ ಸಮೇತ ಹೇಳುತ್ತ ಹೋದಳು. ಸೊಸೈಟಿಯ ಸೆಕ್ರೆಟರಿ. ನಮ್ಮ ಮಹಡಿಯಲ್ಲೇ ಇದ್ದ, ಅಕ್ಕನಿಗೆ ಹೊಲಿಗೆ ಕಲಿಸಿದ ಆಂಟಿ. ಹಬ್ಬದ ಪೂಜೆ ಮಾಡಿದ ಭಟ್ಟರು. ಅವಳ ಜೊತೆ ಕಾಲೇಜಿಗೆ ಹೋಗುತ್ತಿದ್ದ ಗೆಳತಿ. ಯಾರು ಯಾವ ದನಿ ತೆಗೆದು ಕೇಳಿದ್ದರೋ ಅದೇ ದನಿಯಲ್ಲಿ ಹೇಳಿ ತೋರಿಸಿದಳು. ಮೊದಲು ಅಪ್ಪ ನಗುತ್ತಲೇ ಇದ್ದರು. "ಸರಿಯಾಗಿ ಕೊಟ್ಳು ನೋಡೇ!" ಎಂದು ಅಮ್ಮನನ್ನು ಕೂಗಿದರು.

ಕೊನೆಗೆ ಅಕ್ಕ ನಮ್ಮ ಮನೆಯ ನಂಬರು ಹೇಳಿದಳು. "ಕೆಳಗಿನ ಕಿರಾಣಿ ಅಂಗಡಿಯ ಫೋನಿನಿಂದ, ಮರಾಠಿಯಲ್ಲಿ" ಎಂದು ಗಂಟಲು ಸರಿಮಾಡಿಕೊಂಡಳು, ಥೇಟ್ ಅಪ್ಪ ಮಾಡುವ ಹಾಗೆ. ಆಮೇಲೆ ದಪ್ಪ ದನಿಯಲ್ಲಿ, "ತೀ ದಾತಾಚೀ ಟೇಪ್ ಲಾವಾ ನಾ, ಪಾಹುಣೇ ಆಲೇ ಆಹೇತ್." ಹಲ್ಲಿನ ಟೇಪು ಹಾಕಿ, ಅತಿಥಿಗಳು ಬಂದಿದ್ದಾರೆ. "ಕೋರಿದವರು, ನನ್ನ ತಂದೆ."

ಇಷ್ಟು ಹೇಳಿ, ಕಟ್ಟಿಸಿದ ಹಲ್ಲನ್ನು ಬಾಯಿಂದ ತೆಗೆದು ಮೇಜಿನ ಮೇಲಿಟ್ಟು, ಕ್ಯಾಮೆರಾಕ್ಕೆ ಪೂರ್ತಿ ನಕ್ಕಳು. ಆಮೇಲೆ ಸಿನಿಮಾ ಹಾಕಿದಳು.

ಕಾಲೊನಿ ನಾಚಿಕೊಂಡಿತು ಎಂದು ಬರೆಯಲು ನನಗೂ ಆಸೆ. ಹಾಗೇನೂ ಆಗಲಿಲ್ಲ. ಅಕ್ಕ ಮನೆಗೆ ಬಂದು ತಲುಪುವುದರೊಳಗೆ ಅವಳನ್ನು ಕೆಲಸದಿಂದ ತೆಗೆದಾಗಿತ್ತು. ಅಮ್ಮ ಅವಳ ಕೆನ್ನೆಗೆ ಹೊಡೆದಳು. "ಹೆತ್ತ ಅಪ್ಪನ ಮಾನ ಬೀದಿಗೆ ಹಾಕಿದ್ಯಲ್ಲೇ! ಇನ್ನು ನಿನ್ನ ಯಾರು ಮಾಡ್ಕೋತಾರೆ?" ಎಂದು ಅತ್ತಳು. ಇಷ್ಟರ ನಡುವೆ ಮೂರನೇ ಬಿಲ್ಡಿಂಗಿನ ಯಾರೋ ಅಕ್ಕನ ಆ ಕಾರ್ಯಕ್ರಮವನ್ನೂ ತಮ್ಮ ವಿಸಿಆರಿನಲ್ಲಿ ಹಿಡಿದಿಟ್ಟಿದ್ದರು. ಸೋಮವಾರದ ಹೊತ್ತಿಗೆ ಆ ಕ್ಯಾಸೆಟ್ ಆಪರೇಟರ್ ಕೈ ಸೇರಿತ್ತು, ಅದನ್ನು ಹಾಕಿ ಎಂದು ಫೋನು ಬರತೊಡಗಿತ್ತು.

ಅಪ್ಪ ಆಫೀಸಿಗೆ ರಜೆ ಹಾಕಿ ಟೆರೇಸಿಗೆ ಹೋದರು. ಜೊತೆಗೆ ನನ್ನನ್ನು ಕರೆದುಕೊಂಡರು. ಒಬ್ಬರೇ ಹೋಗಲು ಧೈರ್ಯವಿರಲಿಲ್ಲವೆಂದು ಕಾಣುತ್ತದೆ. ಬಾಗಿಲಲ್ಲಿ ನಿಂತು ಕೈಮುಗಿದರು. "ದಯವಿಟ್ಟು ಹಾಕಬೇಡಿ. ಆಫೀಸಲ್ಲಿ ತಲೆ ಎತ್ತೋಕಾಗಲ್ಲ ನಂಗೆ."

ಆಪರೇಟರ್ ವೈರು ಸುತ್ತುತ್ತಿದ್ದರು. ತಲೆ ಎತ್ತದೆ ಹೇಳಿದರು, "ಮಗಳ ಹಲ್ಲು ಬಿದ್ದಾಗ ನೀವು ಮ್ಯಾಲ ಬರಲಿಲ್ಲಲ್ರೀ ಸಾಹೇಬ್ರ. ಬಂದಿದ್ರ ಆವಾಗನ ಬಂದ್ ಮಾಡ್ತಿದ್ದೆ. ಆಣಿ ಮಾಡಿ ಹೇಳ್ತೀನಿ."

ಅಪ್ಪ ನನ್ನನ್ನು ಕರೆದುಕೊಂಡು ಕೆಳಗಿಳಿದರು. ಆಪರೇಟರ್ ಟೇಪನ್ನು ಹಾಕಿಯೇ ಹಾಕಿದರು, ಜನ ಸಾಕೆನ್ನುವವರೆಗೂ.

ಅಪ್ಪ ಅಕ್ಕನ ಜೊತೆ ಮಾತು ಬಿಟ್ಟರು. "ಅವಳಿಗೆ ಹೇಳು" ಎಂದು ನನ್ನ ಮೂಲಕವೇ ಎಲ್ಲ. ಅಕ್ಕ ಫೋರ್ಟ್ ಏರಿಯಾದ ಒಂದು ಕಂಪನಿಯಲ್ಲಿ ಟೆಲಿಫೋನ್ ಆಪರೇಟರ್ ಆಗಿ ಸೇರಿದಳು. ಲೋಕಲ್ ರೈಲಿನ ಲೇಡೀಸ್ ಡಬ್ಬಿಯಲ್ಲಿ ಒಮ್ಮೆ ಅವಳ ಪಕ್ಕ ಸೀಟು ಸಿಕ್ಕಾಗ ಕೇಳಿದೆ, "ಅಪ್ಪನ ಹೆಸರು ಬಿಟ್ಟಿದ್ರೆ ಆಗ್ತಿರ್ಲಿಲ್ವಾ?"

"ಮನೇಲಿ ಕೂತು ನಕ್ಕಿದ್ರೆ ಬಿಡ್ತಿದ್ದೆ ಕಣೆ," ಎಂದಳು. "ಫೋನ್ ಮಾಡಿ ನನ್ನನ್ನೇ ಕೇಳಿದ್ರಲ್ಲ. ನಾನು ಹಲೋ ಅಂದೆ. ಆದ್ರೂ ಕೇಳಿದ್ರು."

ತೊಂಬತ್ತರ ಮೊದಲ ವರ್ಷಗಳಲ್ಲಿ ಟೆರೇಸಿನ ಮೇಲೆ ದೊಡ್ಡ ಡಿಶ್ ಬಂತು, ಹೊರದೇಶದ ಚಾನೆಲ್ಲುಗಳು ಬಂದವು. ಕಾಲೊನಿಯ ಸುದ್ದಿ ಯಾರಿಗೂ ಬೇಡವಾಯಿತು. ಡಿಶ್ಶಿನವರ ಕಡೆಯ ಧಾಂಡಿಗರಂಥ ನಾಲ್ಕು ಜನ ಬಂದು ಆಪರೇಟರ್ ಕೇಬಲ್ಲುಗಳನ್ನು ಕತ್ತರಿಸಿ ತಮ್ಮ ಕೇಬಲ್ಲು ಎಳೆದರು. ಅವರ ಕೈಯಲ್ಲಿ ಏಟು ತಿಂದ ಆಪರೇಟರ್ ಗೇಟಿನ ಹತ್ತಿರ ಕೂತಿದ್ದಾಗ ಕಾಲೊನಿಯವರೆಲ್ಲ ಬಾಲ್ಕನಿಯಲ್ಲಿ ನಿಂತು ನೋಡಿದರು, ಯಾರೂ ಒಂದು ಲೋಟ ನೀರು ಕೊಡಲಿಲ್ಲ. ಆಮೇಲೆ ಅವರು ಮದುವೆಗಳ ವಿಡಿಯೊ ತೆಗೆಯುವ ಕೆಲಸಕ್ಕೆ ಇಳಿದರು.

ಅಕ್ಕನ ಮದುವೆ ಜೋಗೇಶ್ವರಿಯ ಒಬ್ಬರೊಂದಿಗೆ ಆಯಿತು. ಹಲ್ಲಿನ ವಿಷಯ ಅವರಿಗೆ ಗೊತ್ತಿತ್ತು. ಅವಳು ಕೇಳಿಕೊಂಡಿದ್ದು ಒಂದೇ, ಮದುವೆಯಲ್ಲಿ ಕ್ಯಾಮೆರಾ ಬೇಡವೇ ಬೇಡ ಎಂದು. ನಾನು ಹೋಗಿ ಅಪ್ಪನಿಗೆ ಹೇಳಿದೆ. ಅಪ್ಪ ಅದೇ ಆಪರೇಟರನ್ನು ಕರೆಸಿದರು.

ಆ ಕ್ಯಾಸೆಟ್ ನಮ್ಮಲ್ಲಿದೆ. ಧಾರೆಯಿಂದ ಊಟದವರೆಗೆ ಎಲ್ಲ ಬಂದಿದೆ. ಅಪ್ಪ ಪ್ರತಿ ಸಲವೂ ಕ್ಯಾಮೆರಾ ನೋಡಿ ನಗುತ್ತಾರೆ. ಅಕ್ಕ ಬಾಯಿ ತೆರೆದದ್ದು ಒಂದು ಕಡೆಯೂ ಇಲ್ಲ.