ರಸ ಬೇಕು, ತುರಿ ಸಾಕು

ನನ್ನ ನಾದಿನಿ ಮೂವತ್ತೊಂದು ವರ್ಷ ಹಾಲಿನ ಕಾರ್ಖಾನೆಯಲ್ಲಿ ಮೂಗು ದುಡಿಸಿ ಬದುಕಿದವಳು. ಬೆಳಗಿನ ಐದೂವರೆಗೆ ಲಾರಿಗಳು ಬಂದು ಕಾರ್ಖಾನೆಯ ಹಿಂದಿನ ಕಟ್ಟೆಗೆ ನಿಲ್ಲುತ್ತಿದ್ದವು. ಕ್ಯಾನಿನ ಮುಚ್ಚಳ ತೆಗೆಯಲು ಬೇರೆ ಆಳಿದ್ದರು. ಬಗ್ಗಿ ಮೂಸುವುದು ಇವಳ ಕೆಲಸ. ಅನುಮಾನ ಬಂದರೆ ಗಾಜಿನ ಕೊಳವೆಯಲ್ಲಿ ಒಂದು ಗುಟುಕು ಹಾಲು ಹಿಡಿದು ದೀಪದ ಮೇಲೆ ಕಾಯಿಸುತ್ತಿದ್ದಳು. ಗಾಜಿಗೆ ಸಾಸಿವೆಯಷ್ಟು ಬಿಳಿ ಗಂಟು ಅಂಟಿದರೂ ಆಯಿತು, "ವಾಪಸ್ಸು" ಎಂದುಬಿಡುತ್ತಿದ್ದಳು. ಲಾರಿಯವರು ಬೇಡಿದರು, ಬೈದರು, ಒಬ್ಬ ಅತ್ತೂ ನೋಡಿದ. ಏನೂ ಪ್ರಯೋಜನವಾಗಲಿಲ್ಲ. ಕೊನೆಗೆ ಎಲ್ಲ ಸೇರಿ ಅವಳಿಗೆ ವಾಪಸ್ಸಕ್ಕ ಎಂದು ಹೆಸರಿಟ್ಟು ಸಮಾಧಾನಪಟ್ಟುಕೊಂಡರು.

ಕಾರ್ಖಾನೆ ಬಿಟ್ಟು ಮನೆಗೆ ಬಂದರೂ ಮೂಗು ರಜೆ ತೆಗೆದುಕೊಳ್ಳಬೇಕಲ್ಲ! ಬ್ರೆಡ್ಡು ವಾಪಸ್ಸು, ಹೊಲಿಸಿದ ಕೋಟು ವಾಪಸ್ಸು, ನಲ್ಲಿ ರಿಪೇರಿಗೆ ಬಂದವನು ಚೀಲ ಬಿಚ್ಚುವ ಮೊದಲೇ ವಾಪಸ್ಸು. ಅವಳ ಪ್ರಾಯದಲ್ಲಿ ಮೂರು ಸಂಬಂಧ ಬಂದಿದ್ದವು. ಮೊದಲನೆಯವನು ಉಣ್ಣುವಾಗ ಸದ್ದು ಮಾಡುತ್ತಾನೆ. ಎರಡನೆಯವನು ಒಂದೇ ಮಾತನ್ನು ಎರಡು ಸಲ ಹೇಳುತ್ತಾನೆ. ಮೂರನೆಯವನಿಗೆ ಎಲ್ಲವೂ ಚೆನ್ನಾಗಿಯೇ ಕಾಣುತ್ತದೆ, ಅಂಥವನನ್ನು ನಂಬುವುದು ಹೇಗೆ? ನಮ್ಮವರು, ಎಂದರೆ ಅವಳ ಅಣ್ಣ, ತಲೆ ಚಚ್ಚಿಕೊಂಡು, "ನಿನ್ನ ಕೊಳವೇಲಿ ದೇವರನ್ನ ಕಾಯಿಸಿದ್ರೂ ಒಡೆದೇ ಹೋಗ್ತಾನೆ ಕಣೆ" ಎಂದಿದ್ದರು. ಅದಕ್ಕೆ ಅವಳು, "ಒಳ್ಳೇ ದೇವರಾದ್ರೆ ಯಾಕೆ ಒಡೀತಾನೆ?" ಎಂದಿದ್ದಳು.

ನಮ್ಮವರು ತೀರಿಕೊಂಡ ಮೇಲೆ ಚಪ್ಪಲಿ ಅಂಗಡಿಯ ಮೇಲಿನ ಎರಡು ಕೋಣೆಯ ಮನೆಯಲ್ಲಿ ಉಳಿದವರು ನಾವಿಬ್ಬರೇ. ಅವಳು ಕೆಲಸದಿಂದ ನಿವೃತ್ತಳಾದಾಗ ನಾನು ನಿಜಕ್ಕೂ ಹೆದರಿದ್ದೆ. ದಿನಕ್ಕೆ ನಲವತ್ತು ಕ್ಯಾನು ಮೂಸುತ್ತಿದ್ದ ಮೂಗಿಗೆ ಇನ್ನು ಮುಂದೆ ನಾನೊಬ್ಬಳೇ ಗತಿ.

ಆ ಹೊತ್ತಿನಲ್ಲೇ ತಕ್ಕಡಿಯವರು ಬರತೊಡಗಿದರು.

ಅವರು ಕಾರ್ಖಾನೆ, ಅಂಗಡಿಗಳ ತಕ್ಕಡಿ ಪರೀಕ್ಷೆ ಮಾಡುವ ಕೆಲಸದವರು. ಆರು ತಿಂಗಳಿಗೊಮ್ಮೆ ಹಿತ್ತಾಳೆಯ ತೂಕದ ಬಟ್ಟುಗಳ ಪೆಟ್ಟಿಗೆ ಹೊತ್ತುಕೊಂಡು ಹಾಲಿನ ಕಾರ್ಖಾನೆಗೂ ಹೋಗುತ್ತಿದ್ದರು. ಇವಳು ಅವರ ಬೆನ್ನ ಹಿಂದೆ ನಿಂತು, "ಮುಳ್ಳು ಒಂದು ಕೂದಲಷ್ಟು ಎಡಕ್ಕಿದೆ" ಎನ್ನುವುದು, ಅವರು ಮತ್ತೆ ತೂಗಿ ನೋಡಿ, "ಇಲ್ಲಮ್ಮ, ಎಡಕ್ಕಿರೋದು ನಿಮ್ಮ ಕತ್ತು" ಎನ್ನುವುದು. ಇಪ್ಪತ್ತು ವರ್ಷ ಹೀಗೇ ನಡೆಯಿತಂತೆ. ಎರಡು ಸಲ ಮಾತ್ರ ಇವಳ ಮಾತೇ ಸರಿಯಾಗಿತ್ತು. ಎರಡು ಸಲವೂ ಅವರು ಕಟ್ಟೆಯ ಮೇಲೆ ಹತ್ತು ಜನರೆದುರು, "ತಪ್ಪು ನಂದೇ" ಎಂದಿದ್ದರು. ಆ ಎರಡು ತಾರೀಖುಗಳು ಇವಳಿಗೆ ಬಾಯಿಪಾಠ.

ಹೆಂಡತಿ ಸತ್ತು ಒಂಬತ್ತು ವರ್ಷವಾಗಿದ್ದ ಆ ಮನುಷ್ಯ ಒಂದು ದಿನ ನಮ್ಮ ಮೆಟ್ಟಿಲು ಹತ್ತಿ ಬಂದು, "ನಿಮ್ಮ ಅಡುಗೆಮನೆ ತಕ್ಕಡಿ ಸರಿಯಿದೆಯಾ ನೋಡಿ ಹೋಗೋಣ ಅಂತ ಬಂದೆ" ಎಂದರು. ನಮ್ಮ ಮನೆಯಲ್ಲಿ ತಕ್ಕಡಿಯೇ ಇರಲಿಲ್ಲ. ಮುಂದಿನ ವಾರ ಅವರೇ ಒಂದನ್ನು ತಂದುಕೊಟ್ಟರು. ಆಮೇಲೆ ಹದಿನೈದು ದಿನಕ್ಕೊಮ್ಮೆ ಅದನ್ನು ಪರೀಕ್ಷಿಸಲು ಬರತೊಡಗಿದರು. ಅದು ಒಮ್ಮೆಯೂ ತಪ್ಪು ತೋರಿಸಲಿಲ್ಲ, ಅವರೂ ಒಮ್ಮೆಯೂ ತಪ್ಪಿಸಲಿಲ್ಲ.

ಚಳಿಗಾಲ ಶುರುವಾದಾಗ ಅವರು ಕೇಳಿಯೇಬಿಟ್ಟರು. ನಾನು ಒಳಗೆ ಬಟ್ಟೆ ಮಡಿಸುತ್ತಿದ್ದೆ, ಬಾಗಿಲು ತೆರೆದೇ ಇತ್ತು. ಇನ್ನುಳಿದ ಕಾಲ ಜೊತೆಯಲ್ಲಿ ಕಳೆಯಬಹುದೇ ಎಂದು ಕೇಳಿದರು. ಇವಳು, "ಭಾನುವಾರ ನಾಲ್ಕು ಗಂಟೆಗೆ ಬನ್ನಿ, ಹೇಳ್ತೀನಿ" ಎಂದಳು, ಲಾರಿಯವನಿಗೆ ಹೇಳಿದ ಹಾಗೆ. ಅವರು ಗಾಬರಿಯಲ್ಲಿ ಏನು ಮಾತಾಡಬೇಕೆಂದು ತೋಚದೆ, ಚಳಿಗೆ ತಾವು ಮಾಡಿಕೊಳ್ಳುವ ಕಿತ್ತಳೆ ಘಮದ ಬಿಸಿ ಚಾಕೊಲೇಟಿನ ವಿಷಯ ತೆಗೆದರು. ರಸೀದಿಯ ಬೆನ್ನ ಮೇಲೆ ಮಾಡುವ ಬಗೆಯನ್ನೂ ಬರೆದು, "ಇದನ್ನ ಮಾಡಿಟ್ಟಿರಿ, ಕುಡೀತಾ ಮಾತಾಡೋಣ" ಎಂದು ಹೋದರು.

ಶನಿವಾರ ಹಣ್ಣಿನ ಅಂಗಡಿಯಲ್ಲಿ ಒಂದೇ ಒಂದು ಕಿತ್ತಳೆಗಾಗಿ ಇಡೀ ರಾಶಿಯನ್ನು ಮೂಸಿದಳು. ಅಂಗಡಿಯವನು, "ಅಮ್ಮಾ, ವಾಸನೆಯೆಲ್ಲ ನೀವೇ ತಗೊಂಡ್ಬಿಟ್ರೆ ಉಳಿದೋರಿಗೆ ಏನು ಮಾರ್ಲಿ?" ಎಂದ.

ಭಾನುವಾರ ಮೂರೂವರೆಗೆ ಒಲೆ ಹಚ್ಚಿದಳು. ಹಾಲು ಎರಡು ಲೋಟ, ಕಪ್ಪು ಚಾಕೊಲೇಟು ನಾಲ್ಕು ತುಂಡು, ಸಕ್ಕರೆ ಒಂದು ಚಮಚ. ಎಲ್ಲ ಹದವಾಗಿ ಕರಗಿ ಪಾತ್ರೆಯಲ್ಲಿ ರೇಷ್ಮೆಯಂತೆ ತಿರುಗುತ್ತಿತ್ತು. ಚೀಟಿ ನೋಡಲು ಬಗ್ಗಿದವಳ ಕನ್ನಡಕಕ್ಕೆ ಹಬೆ ಹಿಡಿಯಿತು.

"ಅತ್ತಿಗೆ, ಕಿತ್ತಳೇದು ಏನು ಬರೆದಿದ್ದಾರೆ ನೋಡಿ."

ನನ್ನ ಓದು ಮೂರನೇ ಕ್ಲಾಸಿಗೆ ನಿಂತದ್ದು. ಅಚ್ಚಿನ ಅಕ್ಷರವಾದರೆ ತೊಂದರೆಯಿಲ್ಲ, ಕೈಬರಹವೆಂದರೆ ತಡವರಿಸುತ್ತೇನೆ. ಆ ಮನುಷ್ಯರೋ ಅಂಕಿಗಳನ್ನು ಮುತ್ತಿನಂತೆ ಬರೆಯುವವರು, ಅಕ್ಷರಗಳನ್ನು ಮಾತ್ರ ಓಡುವ ಬಸ್ಸಿನಲ್ಲಿ ಕೂತು ಬರೆದ ಹಾಗೆ ಬರೆಯುತ್ತಿದ್ದರು. ನಾನು ಕೂಡಿಸಿ ಕೂಡಿಸಿ ಓದಿದೆ: "ಕಿತ್ತಳೆ ಒಂದು. ರಸ... ಬೇಕು. ತುರಿ ಸಾಕು."

"ರಸಾನಾ?"

"ರಸ ಬೇಕು. ತುರಿ ಸಾಕು. ಅಂದ್ರೆ, ತುರಿದಿದ್ದು ಸಾಕು ನಿಲ್ಸು, ರಸ ಹಿಂಡು ಅಂತಿರಬೇಕು."

ಅವಳು ಸೌಟು ಹಿಡಿದು ನಿಂತಳು. ಹಾಲಿಗೆ ಹುಳಿ ಬಿದ್ದರೆ ಏನಾಗುತ್ತದೆ ಎಂದು ಅವಳಿಗಿಂತ ಚೆನ್ನಾಗಿ ತಿಳಿದವರು ಇಡೀ ಊರಿನಲ್ಲಿರಲಿಲ್ಲ. ಅದು ಗೊತ್ತಿದ್ದದ್ದಕ್ಕೇ ಅವಳಿಗೆ ಮೂವತ್ತೊಂದು ವರ್ಷ ಸಂಬಳ ಬಂದಿತ್ತು.

"ಒಡೆಯಲ್ವಾ ಅತ್ತಿಗೆ?"

"ಒಡೀಬೇಕಪ್ಪ. ಆದ್ರೆ ಅವ್ರು ಹಾಗೆ ಬರೆದಿದ್ದಾರೆ."

ಆಮೇಲೆ ಅವಳು ಆಡಿದ ಮಾತು ನನ್ನ ಕಿವಿಯಲ್ಲಿ ಇನ್ನೂ ಇದೆ. "ಅವರು ಬರೆದಿದ್ದಾರೆ ಅಂದ್ರೆ ಏನೋ ಕಾರಣ ಇರುತ್ತೆ" ಎಂದಳು. ಹಾಗೆಂದು ಕಿತ್ತಳೆಯನ್ನು ಎರಡು ಹೋಳು ಮಾಡಿ ಹಿಂಡಿಯೇಬಿಟ್ಟಳು. ಇವಳ ಉತ್ತರ ಏನೆಂದು ನನಗೆ ಆಗಲೇ ತಿಳಿಯಿತು. ಹುಟ್ಟಿದಾಗಿನಿಂದ ಯಾರ ಮಾತನ್ನೂ ಕಾಯಿಸದೆ ನಂಬದವಳು, ಹೀಗೆ ಕುರುಡಾಗಿ ನಂಬುವುದೆಂದರೇನು!

ಹಾಲು ಮರ್ಯಾದೆಯಾಗಿ ಒಡೆಯಿತು.

ಅದನ್ನು ಚೆಲ್ಲಿ ಬೇರೆ ಮಾಡೋಣವೆನ್ನುವಷ್ಟರಲ್ಲಿ ಮೆಟ್ಟಿಲ ಮೇಲೆ ಬೂಟಿನ ಸದ್ದು. ತಕ್ಕಡಿಯವರು ನಾಲ್ಕಕ್ಕೆ ಒಂದು ನಿಮಿಷ ಮುಂಚೆ ಬಂದು ಬಾಗಿಲ ಹೊರಗೆ ಒಂದು ನಿಮಿಷ ನಿಂತು ತಟ್ಟುವ ಜಾತಿ. ಇವಳು ಮೂರು ಕಪ್ಪಿಗೆ ಸುರಿದೇಬಿಟ್ಟಳು. "ಇದು ಹೀಗೇ ಇರಬೇಕೇನೋ" ಎಂದು ಪಿಸುಗುಟ್ಟಿದಳು, ಮುಖ ಕೆಂಪಾಗಿತ್ತು.

ನಾನು ಕಣ್ಣು ಮುಚ್ಚಿ ಒಂದೇ ಉಸಿರಿಗೆ ಅರ್ಧ ಕಪ್ಪು ಇಳಿಸಿದೆ. ಕಂದು ನೀರಿನಲ್ಲಿ ಹುಳಿ ಗಂಟುಗಳು. "ಚೆನ್ನಾಗಿದೆ" ಎಂದೆ. ಅವಳು ನನ್ನತ್ತ ತಿರುಗಿಯೂ ನೋಡಲಿಲ್ಲ. ಅವಳ ಕಣ್ಣೆಲ್ಲ ಅವರ ಕಪ್ಪಿನ ಮೇಲೆ.

ಅವರು ಒಂದು ಗುಟುಕು ಕುಡಿದರು. ಬಾಯಲ್ಲಿ ಸ್ವಲ್ಪ ಹೊತ್ತು ಇಟ್ಟುಕೊಂಡರು. ನುಂಗಿದರು. ಕಪ್ಪನ್ನು ಮೇಜಿನ ಮೇಲಿಟ್ಟು, "ಇದು ಒಡೆದಿದೆ" ಎಂದರು.

ಹೊಗಳಿಸಿಕೊಳ್ಳಲೆಂದು ಕೂತ ಹೆಣ್ಣಿನೆದುರು ಹೀಗೆನ್ನಲು ಗುಂಡಿಗೆ ಬೇಕು. ನಾನು ಕತೆ ಮುಗಿಯಿತೆಂದುಕೊಂಡೆ.

"ಒಡೆಯದೆ ಇನ್ನೇನಾಗುತ್ತೆ?" ಇವಳು ಎದ್ದು ನಿಂತಳು. "ನೀವು ಬರೆದ ಹಾಗೇ ಮಾಡಿದ್ದು! ರಸ ಬೇಕು ಅಂತ ಬರೆದೋರು ಯಾರು?"

"ನಾನ್ಯಾಕೆ ಬರೀಲಿ? ರಸ ಬೇಡ ಅಂತ ಬರೆದಿದ್ದೀನಿ. ಸಿಪ್ಪೆ ತುರಿ ಹಾಕಿದ್ರೆ ಸಾಕು ಅಂತ."

"ಬೇಕು ಅಂತಿದೆ!"

"ಬೇಡ ಅಂತಿದೆ!"

ಚೀಟಿ ಬಂತು. ಇಬ್ಬರೂ ಕಿಟಕಿಯ ಬೆಳಕಿಗೆ ಹಿಡಿದು ತಲೆಗೆ ತಲೆ ತಾಗಿಸಿ ನೋಡಿದರು. ಇವಳು ಕನ್ನಡಕ ಒರೆಸಿ ಮತ್ತೆ ನೋಡಿದಳು. ಡ ಅಕ್ಷರದ ಬಾಲ ಬಲಕ್ಕೆ ಜಾರಿ ಕು ಎನ್ನುವಂತಾಗಿತ್ತು, ಅಷ್ಟೇ. ಓದು ಬಂದವರಿಗೆ ಅದು ಬೇಡವೇ. ಅವಳು ನಿಧಾನವಾಗಿ ನನ್ನ ಕಡೆ ತಿರುಗಿದಳು.

"ಅತ್ತಿಗೆ. ನೀವು ಬೇಕು ಅಂತಾನೇ ಓದಿದ್ರಾ?"

"ಬೇಕು ಅಂತಾನೇ ಓದ್ದೆ ಕಣೆ. ಆದ್ರೆ ಬೇಕು ಅಂತ ಓದಿಲ್ಲ!"

ತಕ್ಕಡಿಯವರಿಗೆ ಮೊದಲು ನಗು ಬಂತು. ಕೆಮ್ಮಿನಂತೆ ಶುರುವಾಗಿ ಮೇಜು ಹಿಡಿದುಕೊಳ್ಳುವಷ್ಟಾಯಿತು. ಇವಳು ಮಾತ್ರ ನಗಲಿಲ್ಲ. ಈ ಮನೆ ಬಿಟ್ಟು ಅವಳು ಹೋಗುವುದು ನನಗೆ ಇಷ್ಟವಿಲ್ಲವೆಂದು ಅವಳಿಗೆ ಗೊತ್ತು, ನನಗೂ ಗೊತ್ತು. ಆ ಚೀಟಿ ಓದುವಾಗ ನನ್ನ ಮನಸ್ಸಿನ ಯಾವುದೋ ಮೂಲೆಯಲ್ಲಿ ಅದು ಇಣುಕಿತ್ತೇ ಎಂದು ಕೇಳಿದರೆ ಇಲ್ಲವೆಂದು ಇವತ್ತಿಗೂ ಆಣೆ ಇಡಲಾರೆ.

ಅವಳು ಚೀಟಿ ಮಡಿಸಿದಳು. "ನಗೋದು ಸಾಕು. ಅತ್ತಿಗೇದೇನೂ ತಪ್ಪಿಲ್ಲ. ನನಗೂ ಬೇಕು ಅಂತಾನೇ ಕಾಣ್ತಿದೆ. ಮೊದಲು ನೆಟ್ಟಗೆ ಅಕ್ಷರ ಬರೆಯೋದು ಕಲೀರಿ" ಎಂದಳು. ನನಗೆ ತಿಳಿದ ಹಾಗೆ ಅವಳ ಬಾಯಿಂದ ಬಂದ ಮೊದಲ ಸುಳ್ಳು ಅದು.

ಅವರು ನಗು ನಿಲ್ಲಿಸಿ ಅವಳನ್ನೊಮ್ಮೆ, ನನ್ನನ್ನೊಮ್ಮೆ ನೋಡಿದರು. "ಆಯ್ತು, ತಪ್ಪು ನಂದೇ" ಎಂದು ಅಂಗಿಯ ತೋಳು ಮಡಿಸಿ ಅಡುಗೆಮನೆಗೆ ಹೋದರು.

ಎರಡನೆಯ ಸಲ ಅವರೇ ಮಾಡಿದರು, ಇವಳು ಬೆನ್ನ ಹಿಂದೆ ನಿಂತಳು. ಹಿಂಡಿದ ಹೋಳುಗಳ ಸಿಪ್ಪೆಯೇ ಸಾಕಾಯಿತು. ನಮ್ಮ ತುರಿಮಣೆಯ ಹಲ್ಲು ಸವೆದು ಹೋಗಿ, ಸಿಪ್ಪೆಯ ಜೊತೆ ಒಳಗಿನ ಬಿಳಿಯೂ ಕಿತ್ತುಬರುತ್ತಿತ್ತು.

"ಬಿಳಿ ಬಂದ್ರೆ ಕಹಿಯಾಗುತ್ತೆ. ಇದರಲ್ಲಿ ಬಟ್ಟೆ ಉಜ್ಜಬಹುದು, ಸಿಪ್ಪೆ ತುರಿಯೋಕಾಗಲ್ಲ" ಎಂದರು ಅವರು.

"ನಿಮ್ಮ ಮನೇದು ಬಂಗಾರದ್ದೇನೋ."

"ಬಂಗಾರದ್ದಲ್ಲ, ಹರಿತವಾಗಿದೆ."

ಕೊನೆಗೆ ಚಾಕುವಿನಿಂದ ಮೇಲಿನ ಕಿತ್ತಳೆ ಬಣ್ಣವನ್ನಷ್ಟೇ ಹೆರೆದು, ಬಿಸಿ ಹಾಲಿನಲ್ಲಿ ಮುಚ್ಚಿಟ್ಟು, ಸೋಸಿ, ಆಮೇಲೆ ಚಾಕೊಲೇಟು ಹಾಕಿ ತಿರುವಿದರು. ಮನೆಯೆಲ್ಲ ಘಮ. ಇವಳು ಮೂಸಿದಳು, ಒಂದು ಗುಟುಕು ಕುಡಿದಳು, ಮತ್ತೆ ಮೂಸಿದಳು. ತಪ್ಪು ಹುಡುಕುತ್ತಿದ್ದಾಳೆಂದು ಅವಳ ಹುಬ್ಬೇ ಹೇಳುತ್ತಿತ್ತು. ಕಪ್ಪು ಖಾಲಿಯಾಯಿತು, ತಪ್ಪು ಸಿಗಲಿಲ್ಲ.

ಆರು ಗಂಟೆಯಾದರೂ ಅವಳು ಆ ವಿಷಯ ಎತ್ತಲಿಲ್ಲ. ಅವರು ಕೋಟು ಹಾಕಿಕೊಂಡರು, ಬೂಟಿನ ಲೇಸು ಕಟ್ಟಿದರು, ಬಿಚ್ಚಿ ಮತ್ತೆ ಕಟ್ಟಿದರು. ಬಾಗಿಲಲ್ಲಿ ನಿಂತು, "ಮತ್ತೆ... ಇವತ್ತು ಹೇಳ್ತೀನಿ ಅಂದಿದ್ರಿ" ಎಂದರು.

ಇವಳು ಕಪ್ಪು ತೊಳೆಯುತ್ತಲೇ, "ನಿಮ್ಮ ತುರಿಮಣೆ ತಗೊಂಡು ಬನ್ನಿ, ನಮ್ಮದನ್ನ ಎಸೀತೀನಿ. ಒಂದು ಮನೆಗೆ ಎರಡು ಯಾಕೆ?" ಎಂದಳು.

ಅವರು "ಸರಿ" ಎಂದು ಮೆಟ್ಟಿಲಿಳಿದರು. ಕೂದಲಿನಷ್ಟು ಮುಳ್ಳು ಆಚೀಚೆಯಾದರೆ ಹಿಡಿಯುವ ಮನುಷ್ಯನಿಗೆ ಈ ಮಾತಿನ ತೂಕ ತಿಳಿಯಲು ಹದಿನಾಲ್ಕು ಮೆಟ್ಟಿಲು ಬೇಕಾಯಿತು. ಕೆಳಗೆ ಚಪ್ಪಲಿ ಅಂಗಡಿಯ ಮುಂದೆ ಬೂಟಿನ ಸದ್ದು ನಿಂತಿತು. ಆಮೇಲೆ ಓಡಿತು. ಅವರ ಮನೆ ಎರಡು ಬೀದಿ ಆಚೆ. ನಾವು ದೀಪ ಹಚ್ಚುವಷ್ಟರಲ್ಲಿ ಅವರು ತುರಿಮಣೆಯನ್ನು ಕಾಗದದಲ್ಲಿ ಸುತ್ತಿ ಹಿಡಿದು, ಏದುಸಿರು ಬಿಡುತ್ತ, ಬಾಗಿಲಲ್ಲಿ ನಿಂತಿದ್ದರು.