ಗುಣಪಾಲಣ್ಣನ ಬೀಜಮಂತ್ರ

ಮಂಗಳೂರು ಬಿಜೈಯ ಗುಣಪಾಲಣ್ಣನಿಗೆ ಹಣ್ಣಿನ ಮೇಲೆ ಅಂಥ ಆಸೆಯೇನಿಲ್ಲ. ಅವರು ಹಣ್ಣು ತಿನ್ನುವುದೇ ಗೊರಟಿಗೆ ದಾರಿ ಮಾಡಿಕೊಡಲು. ನಮ್ಮಂಥವರು ಮಾವಿನ ಗೊರಟನ್ನು ಚೀಪಿ, ಯಾರೂ ನೋಡುತ್ತಿಲ್ಲವೆಂದು ಖಾತ್ರಿಯಾದರೆ ಪಕ್ಕದ ಕಾಂಪೌಂಡಿಗೆ ಎಸೆಯುವವರು. ಅವರೋ, ಹಲಸಿನ ಬೀಜಕ್ಕೆ ಕೆಮ್ಮಣ್ಣು ಸವರಿ ಮಳೆಗಾಲಕ್ಕೆಂದು ಎತ್ತಿಡುತ್ತಾರೆ. ಮಾವಿನ ಗೊರಟಿನ ತಿರುಳನ್ನು ಭೇದಿಯ ಮದ್ದಿಗೆಂದು ಒಣಗಿಸಿ ಪುಡಿಮಾಡಿ, ಯಾರ ಹೊಟ್ಟೆ ಕೆಟ್ಟೀತೆಂದು ಮನೆಯವರನ್ನು ಆಸೆಯಿಂದ ನೋಡುತ್ತಾರೆ. ಖರ್ಜೂರದ ಬೀಜ ಹುರಿದು ಕಾಫಿ ಮಾಡಿಕೊಟ್ಟ ಮೇಲೆ ಗೆಳೆಯರು ಅಂಗಳದಲ್ಲೇ ನಿಂತು ಮಾತಾಡಿ ಹೋಗುತ್ತಾರೆ. ಗುಣಪಾಲಣ್ಣ ಹಿಂದೆ ಹಂಪನಕಟ್ಟೆಯಲ್ಲಿ ಹೋಟೆಲು ನಡೆಸಿದವರು. ಗಿರಾಕಿಗಳು ತಟ್ಟೆಯಲ್ಲಿ ಬಿಟ್ಟದ್ದನ್ನು ಕಂಡು ಕಂಡು ಹಿಡಿದ ವ್ರತ ಇದು.

ಆ ಭಾನುವಾರ ಮಗಳು ಮನ್ವಿತಾಳನ್ನು ನೋಡಲು ಕೊಟ್ಟಾರದಿಂದ ಹುಡುಗನ ಕಡೆಯವರು ಬರುವವರಿದ್ದರು. ಹೆಂಡತಿ ಶಶಿಪ್ರಭಾ ಪಾಯಸ ತಿರುವುತ್ತ ಕೂಗಿದರು: "ಸ್ವಲ್ಪ ಬೀಜ ಹುರಿದು ಕೊಡಿ ಮಾರಾಯ್ರೆ."

ಮಂಗಳೂರಿನಲ್ಲಿ ಬರೀ ಬೀಜ ಎಂದರೆ ಗೇರುಬೀಜ. ಗುಣಪಾಲಣ್ಣನಿಗೂ ಅದು ಗೊತ್ತು. ಆದರೆ ಅವರು ಕೂಡಿಟ್ಟ ಯಾವ ಬೀಜಕ್ಕೂ ಅಂದಿನವರೆಗೆ ನೆಂಟರ ಬಾಯಿ ತಲುಪುವ ಯೋಗ ಬಂದಿರಲಿಲ್ಲ. ಭಾವನ ಮಗ ಮುಖೇಶ್ ದುಬೈಯಿಂದ ತಂದ ಏಪ್ರಿಕಾಟ್ ಹಣ್ಣಿನ ಗೊರಟುಗಳನ್ನು ಒಡೆದು, ಬಾದಾಮಿಯಂಥ ತಿರುಳನ್ನು ಬಾಟ್ಲಿ ತುಂಬ ಇಟ್ಟಿದ್ದರು. ಅದನ್ನೇ ಸೀಳಿ, ತುಪ್ಪದಲ್ಲಿ ಕೆಂಪಗೆ ಹುರಿದು ತಂದರು.

ಮನ್ವಿತಾ ಒಂದನ್ನು ಬಾಯಿಗೆ ಹಾಕಿದವಳು ಹಾಗೆಯೇ ಸಿಂಕಿಗೆ ಉಗಿದಳು. "ಎಂತ ಪಪ್ಪ ಇದು, ಇಷ್ಟು ಕಹಿ?"

"ಬೀಜ."

"ಯಾವುದರದ್ದು?"

ಹೇಳಿದರು. ಮನ್ವಿತಾ ಮೆಡಿಕಲ್ ಶಾಪಿನಲ್ಲಿ ಫಾರ್ಮಸಿಸ್ಟ್. "ಏಪ್ರಿಕಾಟಿನ ಕಹಿ ಬೀಜ ಹೊಟ್ಟೆಗೆ ಹೋದ್ರೆ ಸಯನೈಡ್ ಆಗ್ತದೆ ಪಪ್ಪ. ಹುರಿದ್ರೂ ನಂಬ್ಲಿಕ್ಕಾಗುದಿಲ್ಲ. ನೀವು ತಿಂದಿದ್ದೀರಾ?"

"ಇಲ್ಲ. ನೆಂಟರಿಗೆ ಅಂತ ಇಟ್ಟದ್ದು."

"ಹುಡುಗ ಒಪ್ಪದಿದ್ರೆ ಕೊಡುವ," ಎಂದರು ಶಶಿಪ್ರಭಾ, "ಮೊದಲೇ ಬೇಡ."

ಕಸದ ಡಬ್ಬಿಯ ಮುಂದೆ ಗುಣಪಾಲಣ್ಣ ಮಗುವನ್ನು ಹಾಸ್ಟೆಲಿಗೆ ಬಿಡಲು ಬಂದವರಂತೆ ನಿಂತರು. ಹುರಿದದ್ದೂ ಹೋಯಿತು, ಬಾಟ್ಲಿಯಲ್ಲಿ ಉಳಿದದ್ದೂ ಹೋಯಿತು. ಶಶಿಪ್ರಭಾ ತಾವೇ ಗೇರುಬೀಜ ಹುರಿಯತೊಡಗಿದರು.

"ಗೊರಟಿನ ಚಿಪ್ಪು ಉಂಟಲ್ಲ," ಎಂದರು ಗುಣಪಾಲಣ್ಣ ಮಗಳಿಗೆ ಮೆಲ್ಲಗೆ, "ಅದಕ್ಕೆ ತೊಂದರೆ ಇಲ್ವಾ?"

"ತಿನ್ಲಿಕ್ಕಾ?"

"ಅಲ್ಲ ಮಾರಾಯ್ತಿ, ಆಂಥೂರಿಯಂ ಹೂಗಿಡದ ಬುಡಕ್ಕೆ."

"ಹಾಕಿ," ಎಂದಳು ಮಗಳು.

ಸಂಜೆ ಬಂದವರು ಪಾಯಸ ಕುಡಿದರು. ಹುಡುಗನ ತಾಯಿ ಜಗಲಿಯ ಹೂಕುಂಡಗಳನ್ನು ನೋಡಿ, "ಬುಡದಲ್ಲಿ ಹಾಕಿದ್ದು ಎಂತ? ಚಂದ ಉಂಟು," ಎಂದರು. ಗುಣಪಾಲಣ್ಣ ಕುರ್ಚಿಯನ್ನು ಅವರ ಹತ್ತಿರಕ್ಕೆ ಎಳೆದುಕೊಂಡರು. ಶಶಿಪ್ರಭಾ ಕಣ್ಣು ಮುಚ್ಚಿಕೊಂಡರು.