ಎಮ್ಮೆಯ ಬಾಲ ಹಿಡಿದು ಬಂದವನು

ಅಂಗಿ ತೊಡುವಾಗ ಅವನು ಮೊದಲು ಎಡಗೈಯಿಂದ ಬಲಗೈಯನ್ನು ಎತ್ತಿ ತೋಳಿನೊಳಗೆ ತೂರಿಸುತ್ತಾನೆ. ನೋವು ಕಾಣದಿರಲೆಂದು ಆಗ ಯಾರೊಂದಿಗಾದರೂ ಮಾತು ತೆಗೆಯುತ್ತಾನೆ. ಒಂದು ಕಾಲಕ್ಕೆ ಆ ಬಲಗೈ ರಾಜ್ಯದ ಈಜುಗಾರರನ್ನೆಲ್ಲ ಹಿಂದೆ ಹಾಕಿತ್ತು. ಅವನು ನನ್ನ ಅಕ್ಕನ ಮಗ.

ಅಕ್ಕನ ಮನೆ ಗಜೇಂದ್ರಗಡದಲ್ಲಿ. ರಜೆಗೆ ಅವನು ಮೆಣಸಗಿಗೆ, ನಮ್ಮಲ್ಲಿಗೆ ಬರುತ್ತಿದ್ದ. ನಡುವಿಗೆ ಒಣ ಸೋರೆಬುರುಡೆ ಕಟ್ಟಿ ಅವನನ್ನು ಹೊಲದ ಬಾವಿಗೆ ನೂಕಿದವನು ನಾನೇ. ಕೆಲವೇ ದಿನಗಳಲ್ಲಿ ಬುರುಡೆ ಬಿಚ್ಚಿ ಎಸೆದ. ಮುಂದೆ ಧಾರವಾಡಕ್ಕೆ ಹೋಗಿ ತರಬೇತಿ ಪಡೆದ, ಪದಕ ತಂದ. ಪ್ರತಿ ಪದಕವನ್ನೂ ಮೊದಲು ನನ್ನ ಕೊರಳಿಗೆ ಹಾಕಿ, "ಇದು ನಿಮ್ಮ ಬಾವ್ಯಾಗಿಂದ ಬಂದದ್ದು, ಮಾವಾ" ಎನ್ನುತ್ತಿದ್ದ. ನಾನು ಅದನ್ನು ಹಾಕಿಕೊಂಡೇ ಚಹಾದಂಗಡಿಗೆ ಹೋಗಿ ಕೂರುತ್ತಿದ್ದೆ. ಹೊಸ ನೀರಿಗೆ ಇಳಿಯುವಾಗ ತಳದಲ್ಲಿ ಏನಿದೆ ಎಂದು ವಿಚಾರಿಸದೆ ಅವನು ಇಳಿಯುತ್ತಿರಲಿಲ್ಲ. ಅದಕ್ಕೂ ನಾನು ಚೇಷ್ಟೆ ಮಾಡುತ್ತಿದ್ದೆ.

ರಾಷ್ಟ್ರಮಟ್ಟದ ಸ್ಪರ್ಧೆಗೆ ಆಯ್ಕೆಯಾಗಿ, ನನಗೆ ಹೇಳಿ ಹೋಗಲು ಬಂದಾಗಲೇ ಮಲಪ್ರಭೆ ಉಕ್ಕಿತು. ಊರವರೆಲ್ಲ ಎತ್ತರದಲ್ಲಿದ್ದ ಶಾಲೆ ಸೇರಿದೆವು. ಕೊಟ್ಟಿಗೆಯ ತನಕ ಹೊಳೆ ಬರಲಾರದೆಂದು ಎಮ್ಮೆಯನ್ನು ಕಟ್ಟಿದಲ್ಲೇ ಬಿಟ್ಟು ಬಂದಿದ್ದೆ. ಬೆಳಗಾಗುವಷ್ಟರಲ್ಲಿ ಅದರ ಕುತ್ತಿಗೆಯ ತನಕ ನೀರು. ಅದು ಕೂಗುವುದು ನಮಗೆ ಕೇಳುತ್ತಿತ್ತು.

ಹೋಗಿ ಬಿಚ್ಚಿಕೊಂಡು ಬಾ ಎಂದು ಅಕ್ಕನ ಮಗನಿಗೆ ಹೇಳಿದೆ. ಅವನು ನೀರು ನೋಡುತ್ತ ನಿಂತ.

"ಕೆಂಪ ನೀರು, ಮಾವಾ. ಒಳಗ ಜಾಲಿಕಂಟಿ ಐತೋ, ತಂತಿ ಐತೋ, ಒಂದೂ ಕಾಣೂದಿಲ್ಲ. ದೋಣಿ ಬರಾಕತ್ತೈತಂತ, ತಡೀರಿ."

ಜನ ನನ್ನ ಮುಖ ನೋಡುತ್ತಿದ್ದರು. ಪದಕ ತೊಟ್ಟು ಮೆರೆದವನಿಗೆ ಅದನ್ನು ತಾಳಲಾಗಲಿಲ್ಲ.

"ಕೊಳದಾಗಿನ ಹುಲಿ ಹೊಳಿ ಕಂಡ ಕೂಡ್ಲೆ ಬೆಕ್ಕಾತು ನೋಡ್ರಪಾ" ಎಂದೆ, ಎಲ್ಲರಿಗೂ ಕೇಳುವಂತೆ.

ಅವನು ಅಂಗಿ ಕಳಚಿ, ಮಡಚಿ, ನನ್ನ ಕೈಗೆ ಕೊಟ್ಟು ಇಳಿದ.

ಹಗ್ಗ ಕೊಯ್ದ. ಎಮ್ಮೆ ಈಜುತ್ತ ಬಂತು. ಅದರ ಬಾಲವನ್ನು ಎಡಗೈಯಲ್ಲಿ ಹಿಡಿದು ಅವನು ಹಿಂದೆ ತೇಲುತ್ತ ಬಂದ. ಚಾಂಪಿಯನ್‌ನನ್ನು ಎಮ್ಮೆ ಎಳೆದುಕೊಂಡು ಬಂತೆಂದು ಜನ ನಕ್ಕರು. ಎಲ್ಲರಿಗಿಂತ ಜೋರಾಗಿ ನಕ್ಕವನು ನಾನು. ದಡಕ್ಕೆ ಬಂದ ಮೇಲೆ ಕಂಡಿತು, ಅವನ ಬಲಗೈ ಭುಜದಿಂದ ಜೋತುಬಿದ್ದಿತ್ತು. ತೇಲಿ ಬಂದ ಮರದ ಬೊಡ್ಡೆ ಬಡಿದಿತ್ತು.

ರೋಣದ ದವಾಖಾನೆಗೆ ಅಕ್ಕ ಓಡಿ ಬಂದಳು. ಅವನು ಬಾಯಿ ತೆರೆಯುವ ಮೊದಲೇ ನಾನು, "ಸಾಲಿ ಮೆಟ್ಟಲ ಮ್ಯಾಲೆ ಜಾರಿದಾ, ಅಕ್ಕಾ" ಎಂದೆ. ಅವನು ಒಂದು ಗಳಿಗೆ ನನ್ನನ್ನೇ ನೋಡಿದ.

"ಹೌದವ್ವಾ. ಪಾಚಿ ಇತ್ತು" ಎಂದ.

ಊರವರೂ ಅಕ್ಕನ ಮುಂದೆ ಬಾಯಿ ಬಿಡಲಿಲ್ಲ. ನಕ್ಕವರಲ್ಲಿ ಅವರೂ ಇದ್ದರಲ್ಲ.

ಅವನು ಮತ್ತೆ ಸ್ಪರ್ಧೆಗೆ ಇಳಿಯಲಿಲ್ಲ. ಈಗ ಗಜೇಂದ್ರಗಡದಲ್ಲಿ ಬಾವಿಯ ದಂಡೆಯ ಮೇಲೆ ನಿಂತು ಮಕ್ಕಳಿಗೆ ಈಜು ಕಲಿಸುತ್ತಾನೆ. ನಿಮಗೆ ಕಲಿಸಿದ್ದು ಯಾರೆಂದು ಕೇಳಿದರೆ ಇಂದಿಗೂ ನನ್ನ ಹೆಸರು ಹೇಳುತ್ತಾನೆ. ಒಮ್ಮೆ ಅವನ ಕ್ಷಮೆ ಕೇಳಲು ಹೋದೆ.

"ಎಮ್ಮಿ ಉಳೀತಲ್ಲ, ಬಿಡ್ರಿ ಮಾವಾ. ಅವ್ವಗ ಮಾತ್ರ ಹೇಳಬ್ಯಾಡ್ರಿ. ನಿಮ್ಮ ಮನಿಗೆ ಬರೂದ ಬಿಟ್ಟಾಳು" ಎಂದ.

ಅಕ್ಕನಿಗೆ ಈಗ ಕಣ್ಣು ಮಂಜು. ಮೆಣಸಗಿಗೆ ಬಂದಾಗ ನನ್ನ ಕೈ ಹಿಡಿದೇ ನಡೆಯುತ್ತಾಳೆ. ಶಾಲೆ ಬಂತೆಂದು ತಿಳಿದೊಡನೆ ನಿಂತು, ಮಗನ ಕೈ ನುಂಗಿದಿರಿ ಎಂದು ಆ ಮೆಟ್ಟಿಲುಗಳನ್ನು ಬಾಯಿಗೆ ಬಂದಂತೆ ಬೈಯುತ್ತಾಳೆ. ಅವಳು ಬೈದು ಮುಗಿಸುವ ತನಕ ನಾನು ಅವಳ ಕೈ ಹಿಡಿದುಕೊಂಡು ನಿಂತಿರುತ್ತೇನೆ.